ಬ್ರಿಟನ್ನಿನ ಕನ್ಸರ್ವೇಟಿವ್ ಪಕ್ಷವೂ ಕಾನೂನೂ

ನಮ್ಮ ವಾಚನಾಲಯಕ್ಕೆ ಬರುವ ಇಂಗ್ಲಿಷ್ ಪತ್ರಿಕೆಗಳಲ್ಲಿ ಎರಡು ಮಾತುಗಳು ಮೇಲಿಂದ ಮೇಲೆ ಕಣ್ಣಿಗೆ ಬೀಳುತ್ತವೆ. ಒಂದು ‘ಲಾ ಅಂಡ್ ಆರ್ಡರ್’, ಇನ್ನೊಂದು ‘ರೂಲ್ ಆಫ್ ಲಾ’. ಎರಡರಲ್ಲಿಯೂ ಕಾನೂನೆಂಬ ಶಬ್ದವಿರುವುದರಿಂದ ಎರಡೂ ಒಂದೇ ಎಂದು ತಿಳಿಯುವವರು ಬಹಳ. ಆದರೆ ಇವು ಮುಖ ಮಾಡಿರುವ ದಿಕ್ಕುಗಳೇ ಬೇರೆ. ಮೊದಲನೆಯದು ಶಾಂತಿ ಸುವ್ಯವಸ್ಥೆ. ಪ್ರಜೆಗಳು ಸರ್ಕಾರಕ್ಕೆ ವಿಧೇಯರಾಗಿರಬೇಕೆಂದು ಅದು ಹೇಳುತ್ತದೆ. ಎರಡನೆಯದು ಕಾನೂನಿನ ಆಳ್ವಿಕೆ. ಸರ್ಕಾರವೇ ಕಾನೂನಿಗೆ ವಿಧೇಯವಾಗಿರಬೇಕೆಂದು ಅದು ಹೇಳುತ್ತದೆ. ಗಿರಣಿಯ ಬಾಗಿಲಲ್ಲಿ ಜನ ಗುಂಪುಗೂಡಿದಾಗ ಪೋಲೀಸರ ಬಾಯಲ್ಲಿ ಬರುವುದು ಮೊದಲನೆಯ ಮಾತು. ವಿಚಾರಣೆಯಿಲ್ಲದೆ ಒಬ್ಬನನ್ನು ಒಳಗೆ ಕೂಡಿಹಾಕಿದಾಗ ವಕೀಲರ ಬಾಯಲ್ಲಿ ಬರುವುದು ಎರಡನೆಯದು.

ಬ್ರಿಟನ್ನಿನ ಕನ್ಸರ್ವೇಟಿವ್ ಪಕ್ಷ ಈ ಎರಡನ್ನೂ ತನ್ನ ಸ್ವತ್ತೆಂದು ಹೇಳಿಕೊಂಡು ಬಂದಿದೆ. ಎರಡೂ ಜೊತೆಯಾಗಿ ನಡೆಯುವಾಗ ಯಾವ ತೊಡಕೂ ಇಲ್ಲ. ಕಾನೂನು ತನಗೇ ಅಡ್ಡ ಬಂದ ದಿನ ಆ ಪಕ್ಷ ಏನು ಮಾಡಿತು ಎಂಬುದರಲ್ಲಿಯೇ ಅದರ ನಿಜವಾದ ಚರಿತ್ರೆ ಇದೆ. ನಮ್ಮ ಕೋರ್ಟುಗಳ ನಡವಳಿಕೆ, ಕಾಯಿದೆಗಳ ಬಹುಭಾಗ ಆ ದೇಶದಿಂದಲೇ ಬಂದದ್ದಾದ್ದರಿಂದ ಈ ಚರಿತ್ರೆ ನಮಗೆ ಪೂರಾ ಹೊರಗಿನದೇನೂ ಅಲ್ಲ.

ಈ ಪಕ್ಷದವರಿಗೆ ‘ಟೋರಿ’ಗಳೆಂಬ ಹಳೆಯ ಹೆಸರು ಇಂದಿಗೂ ಉಳಿದಿದೆ. ಅದು ಐರ್ಲೆಂಡಿನ ಭಾಷೆಯಿಂದ ಬಂದ ಶಬ್ದ. ಕಾನೂನಿನ ಹೊರಗೆ ಹೋದ ದಾರಿಗಳ್ಳನೆಂದು ಅದರ ಅರ್ಥ. 1680ರ ಸುಮಾರಿಗೆ, ರಾಜನ ತಮ್ಮ ಕ್ಯಾಥೊಲಿಕ್ ಮತದವನೆಂಬ ಕಾರಣಕ್ಕೆ ಅವನಿಗೆ ಪಟ್ಟ ತಪ್ಪಿಸಬೇಕೆಂದು ಪಾರ್ಲಿಮೆಂಟಿನಲ್ಲಿ ಒಂದು ಗುಂಪು ಹೋರಾಡಿತು. ಅದಕ್ಕೆ ಎದುರಾಗಿ ರಾಜಮನೆತನದ ಪಕ್ಷ ಹಿಡಿದವರನ್ನು ವಿರೋಧಿಗಳು ಹೀಗೆ ಬೈದರು. ವಿರೋಧಿಗಳಿಗೆ ಬಿದ್ದ ಹೆಸರು ‘ವಿಗ್’. ಬರಬರುತ್ತ ಬೈಗುಳವೇ ಬಿರುದಾಯಿತು. ಕಾನೂನಿನ ಕಾವಲುಗಾರರೆಂದು ಹೇಳಿಕೊಳ್ಳುವ ಪಕ್ಷದ ಹೆಸರಿನ ಬುಡದಲ್ಲಿ ಒಬ್ಬ ಕಳ್ಳ ಕುಳಿತಿರುವುದು ಚರಿತ್ರೆಯ ತಮಾಷೆ.

ಆ ದೇಶಕ್ಕೆ ನಮ್ಮಂತೆ ಒಂದೇ ಪುಸ್ತಕವಾಗಿ ಬರೆದಿಟ್ಟ ಸಂವಿಧಾನವಿಲ್ಲ. ಅಲ್ಲಿಯ ಕಾನೂನು ಬಹುಮಟ್ಟಿಗೆ ಬೆಳೆದದ್ದು ನ್ಯಾಯಾಧೀಶರ ತೀರ್ಪುಗಳಿಂದ. ಇಂಥ ವ್ಯಾಜ್ಯ ಹಿಂದೆ ಬಂದಾಗ ಏನು ತೀರ್ಮಾನವಾಯಿತು ಎಂದು ನೋಡಿ ಈಗಿನದನ್ನು ತೀರಿಸುವುದು. ಹೀಗೆ ತೀರ್ಪಿನ ಮೇಲೆ ತೀರ್ಪು ಸೇರಿ ಒಂದು ರೂಢಿ ನಿಲ್ಲುವುದು. ಇದಕ್ಕೆ ‘ಕಾಮನ್ ಲಾ’ ಎನ್ನುತ್ತಾರೆ. ಇದು ಯಾವ ರಾಜನೂ ಕೊಟ್ಟ ಕಾನೂನಲ್ಲ, ರಾಜನಿಗಿಂತ ಹಳೆಯದು ಎಂದು ಅದರ ಪಂಡಿತರು ವಾದಿಸುತ್ತಿದ್ದರು. ಅವರಲ್ಲಿ ಮುಖ್ಯನಾದವನು ಎಡ್ವರ್ಡ್ ಕೋಕ್. 1607ರಲ್ಲಿ ಒಂದನೆಯ ಜೇಮ್ಸ್ ರಾಜನು, ನನಗೂ ಬುದ್ಧಿ ಇದೆ, ವ್ಯಾಜ್ಯಗಳನ್ನು ನಾನೇ ಕುಳಿತು ಏಕೆ ತೀರಿಸಬಾರದು ಎಂದು ಕೇಳಿದನು. ತಮಗೆ ದೇವರು ಕೊಟ್ಟ ಬುದ್ಧಿ ಬೇಕಾದಷ್ಟಿದೆ, ಆದರೆ ಕಾನೂನಿಗೆ ಬೇಕಾದ ಬುದ್ಧಿ ಬಹುಕಾಲ ಓದಿ ಪಳಗಿ ಪಡೆಯತಕ್ಕದ್ದು, ರಾಜನು ಯಾವ ಮನುಷ್ಯನಿಗೂ ಅಧೀನನಲ್ಲದಿದ್ದರೂ ದೇವರಿಗೂ ಕಾನೂನಿಗೂ ಅಧೀನನು, ಎಂದು ಕೋಕ್ ಉತ್ತರ ಕೊಟ್ಟನಂತೆ. ಇದು ಕೋಕ್ ತಾನೇ ಬರೆದಿಟ್ಟ ವರದಿ. ರಾಜನು ಸಿಟ್ಟಿನಿಂದ ಮುಷ್ಟಿ ಎತ್ತಿದಾಗ ಕೋಕ್ ನೆಲಕ್ಕೆ ಬಿದ್ದು ಕ್ಷಮೆ ಬೇಡಿದನೆಂದು ಆ ಕಾಲದ ಒಂದು ಪತ್ರ ಹೇಳುತ್ತದೆ. ಎರಡೂ ನಿಜವಿರಬಹುದು. 1611ರಲ್ಲಿ ಅದೇ ಕೋಕ್ ಮತ್ತು ಸಂಗಡಿಗರು, ರಾಜನಿಗೆ ಕಾನೂನು ಒಪ್ಪಿದಷ್ಟೇ ಅಧಿಕಾರ, ಅದಕ್ಕಿಂತ ಹೆಚ್ಚಿನದಿಲ್ಲ ಎಂದು ಅಭಿಪ್ರಾಯ ಕೊಟ್ಟರು. 1616ರಲ್ಲಿ ಕೋಕ್ ಕೆಲಸ ಕಳೆದುಕೊಂಡನು. ಆದರೆ ಆ ಅಭಿಪ್ರಾಯ ಉಳಿಯಿತು. ಅದನ್ನು ವಾಚಕರು ನೆನಪಿನಲ್ಲಿಡಬೇಕು. ನಾನ್ನೂರು ವರ್ಷಗಳ ಮೇಲೆ ಅದು ಮತ್ತೆ ಎದ್ದು ಬರುತ್ತದೆ.

ಟೋರಿಗಳು ಮೊದಲಿಗೆ ಕೋಕನ ಕಡೆಯವರಲ್ಲ. ರಾಜನು ದೇವರಿಂದ ನೇಮಕಗೊಂಡವನು, ಅವನಿಗೆ ಎದುರಾಡುವುದು ಪಾಪ ಎನ್ನುವವರು. ಅವರಿಗೆ ಬುದ್ಧಿ ಕಲಿಸಿದವನು ಅವರೇ ಪಟ್ಟ ಉಳಿಸಿಕೊಟ್ಟ ಎರಡನೆಯ ಜೇಮ್ಸ್. ಪಾರ್ಲಿಮೆಂಟು ಮಾಡಿದ ಕಾಯಿದೆಗಳನ್ನು ತನ್ನ ಮಾತಿನಿಂದಲೇ ಅಮಾನತಿನಲ್ಲಿಡುವ ಹಕ್ಕು ತನಗಿದೆ ಎಂದು ಅವನು ಹೊರಟನು. ಇದು ಸರಿಯಲ್ಲವೆಂದು ಅರ್ಜಿ ಕೊಟ್ಟ ಏಳು ಮಂದಿ ಬಿಷಪ್ಪರ ಮೇಲೆ 1688ರಲ್ಲಿ ಮೊಕದ್ದಮೆ ಹೂಡಿಸಿದನು. ಪಂಚರು ಅವರನ್ನು ನಿರಪರಾಧಿಗಳೆಂದು ಬಿಟ್ಟರು. ಲಂಡನ್ನಿನ ಬೀದಿಗಳಲ್ಲಿ ಜನ ಹಬ್ಬ ಮಾಡಿದರು. ರಾಜನಿಗಾಗಿ ಪ್ರಾಣ ಕೊಡುತ್ತೇವೆಂದಿದ್ದ ಟೋರಿಗಳಲ್ಲಿ ಅನೇಕರು ವಿಗ್ಗರೊಡನೆ ಸೇರಿಕೊಂಡರು. ರಾಜನು ದೇಶ ಬಿಟ್ಟು ಓಡಿದನು. ಪಾರ್ಲಿಮೆಂಟಿನ ಒಪ್ಪಿಗೆಯಿಲ್ಲದೆ ಕಾಯಿದೆಯನ್ನು ತಡೆಹಿಡಿಯುವುದು ಅಕ್ರಮವೆಂದು 1689ರ ಹಕ್ಕುಪತ್ರ ಸಾರಿತು. ನ್ಯಾಯಾಧೀಶರನ್ನು ಮನಬಂದಂತೆ ತೆಗೆಯಲಾಗದೆಂದು 1701ರಲ್ಲಿ ಇನ್ನೊಂದು ಕಾಯಿದೆ ಬಂತು.

ಈ ಎಲ್ಲಕ್ಕೂ ಒಂದು ತತ್ವದ ರೂಪ ಕೊಟ್ಟವನು ಎಡ್ಮಂಡ್ ಬರ್ಕ್. ಅವನು ಟೋರಿಯಲ್ಲ, ವಿಗ್; ಹುಟ್ಟಿದ್ದು ಡಬ್ಲಿನ್ನಿನಲ್ಲಿ, 1729ರಲ್ಲಿ; ಕಾನೂನು ಓದಲು ಲಂಡನ್ನಿಗೆ ಬಂದು ಅರ್ಧಕ್ಕೆ ಬಿಟ್ಟವನು. ಆದರೂ ಮುಂದಿನ ಕನ್ಸರ್ವೇಟಿವರೆಲ್ಲ ಅವನನ್ನೇ ಮೂಲಪುರುಷನೆಂದು ಹೇಳಿಕೊಂಡರು. ಫ್ರಾನ್ಸಿನ ಕ್ರಾಂತಿಯನ್ನು ಖಂಡಿಸಿ 1790ರಲ್ಲಿ ಅವನು ಬರೆದ ಪುಸ್ತಕದ ತಿರುಳು ಇಷ್ಟು: ಹಕ್ಕುಗಳೂ ಕಾನೂನುಗಳೂ ಹಿರಿಯರಿಂದ ಬಂದ ಆಸ್ತಿ, ಇಂದು ಬದುಕಿರುವವರು ಆ ಮನೆಯ ಒಡೆಯರಲ್ಲ, ತಮ್ಮ ಜೀವಮಾನದ ಮಟ್ಟಿಗೆ ಅದರಲ್ಲಿರುವ ಬಾಡಿಗೆದಾರರು, ಬೇಕಾದರೆ ರಿಪೇರಿ ಮಾಡಲಿ, ಕೆಡವಿ ಹಾಕುವ ಹಕ್ಕು ಅವರಿಗಿಲ್ಲ. ಚಾಳಿನಲ್ಲಿ ಖೋಲಿ ಹಿಡಿದು ಬದುಕುವ ನಮ್ಮಂಥವರಿಗೆ ಈ ಹೋಲಿಕೆ ಸುಲಭವಾಗಿ ತಿಳಿಯುತ್ತದೆ. ಅದರ ಕೊರತೆಯೂ ತಿಳಿಯುತ್ತದೆ. ಮಾಳಿಗೆ ಸೋರುವ ಮೂಲೆಯಲ್ಲಿ ಮಲಗುವವನಿಗೆ ಮನೆಯ ಪುರಾತನತೆ ಅಷ್ಟೇನೂ ಹಿತವಾಗಿ ಕಾಣುವುದಿಲ್ಲ. ಸತ್ತವರು ಬದುಕಿರುವವರನ್ನು ಆಳಬಾರದೆಂದು ಟಾಮಸ್ ಪೇನ್ 1791ರಲ್ಲಿ ಬರ್ಕನಿಗೆ ಜವಾಬು ಬರೆದದ್ದು ಇದೇ ಕಾರಣಕ್ಕೆ.

ಆದರೆ ಬರ್ಕನನ್ನು ಹಳೆಯದನ್ನು ಹೊಗಳುವವನೆಂದಷ್ಟೇ ತಿಳಿದರೆ ಅನ್ಯಾಯವಾಗುತ್ತದೆ. ಅವನ ಜೀವನದ ಬಹುಭಾಗ ಶ್ರಮ ಹೋದದ್ದು ನಮ್ಮ ದೇಶದ ವಿಷಯಕ್ಕೆ. 1785ರಲ್ಲಿ ಅರ್ಕಾಟಿನ ನವಾಬನ ಸಾಲದ ಹಗರಣದ ಮೇಲೆ ಮಾಡಿದ ಭಾಷಣದಲ್ಲಿ, ಮೈಸೂರಿನ ಹೈದರಾಲಿ ಬೆಟ್ಟಗಳನ್ನಿಳಿದು ಕರ್ನಾಟಿಕ್ ಪ್ರಾಂತದ ಮೇಲೆ ಬಂದ ರೀತಿಯನ್ನು ಅವನು ವರ್ಣಿಸಿದ್ದಾನೆ. ಆ ಅನಾಹುತಕ್ಕೆ ಕಂಪನಿಯವರ ದುರಾಸೆ ಮತ್ತು ಮಾತಿಗೆ ತಪ್ಪುವಿಕೆಯೇ ಕಾರಣವೆಂಬುದು ಅವನ ವಾದ. 1788ರ ಫೆಬ್ರವರಿಯಲ್ಲಿ ವಾರನ್ ಹೇಸ್ಟಿಂಗ್ಸನ ಮೇಲಿನ ಮಹಾವಿಚಾರಣೆ ಲಂಡನ್ನಿನಲ್ಲಿ ಆರಂಭವಾಯಿತು. ಏಷ್ಯಾದಲ್ಲಿ ರಾಜರೆಂದರೆ ಮನಬಂದಂತೆ ಆಳುವವರು, ನಾನೂ ದೇಶಾಚಾರದಂತೆ ನಡೆದೆ ಎಂಬ ಅರ್ಥದ ಸಮರ್ಥನೆಯನ್ನು ಹೇಸ್ಟಿಂಗ್ಸ್ ಮುಂದಿಟ್ಟನು. ಬರ್ಕ್ ಇದಕ್ಕೆ ಕೊಟ್ಟ ಉತ್ತರ ಇಂದು ಓದಿದರೂ ಮೈನವಿರೇಳುತ್ತದೆ. ಮನಬಂದಂತೆ ಆಳುವ ಅಧಿಕಾರ ಕಂಪನಿಗೂ ಇಲ್ಲ, ರಾಜನಿಗೂ ಇಲ್ಲ, ಪಾರ್ಲಿಮೆಂಟಿಗೂ ಇಲ್ಲ. ಇಲ್ಲದ್ದನ್ನು ಯಾರು ಯಾರಿಗೆ ಕೊಟ್ಟಾರು? ಹಿಂದೂಗಳಿಗೂ ಮುಸಲ್ಮಾನರಿಗೂ ತಮ್ಮ ತಮ್ಮ ಕಾನೂನುಗಳಿವೆ. ಸಮುದ್ರ ದಾಟಿದ ಮಾತ್ರಕ್ಕೆ ಧರ್ಮ ಬದಲಾಗುವುದಿಲ್ಲ ಎಂದು ಅವನು ವಾದಿಸಿದನು. ವಿಚಾರಣೆ ಏಳು ವರ್ಷ ಎಳೆಯಿತು. 1795ರಲ್ಲಿ ಹೇಸ್ಟಿಂಗ್ಸ್ ಬಿಡುಗಡೆಯಾದನು. ಬರ್ಕ್ ಸೋತನು, ಎರಡು ವರ್ಷಕ್ಕೆ ತೀರಿಕೊಂಡನು.

ಪಕ್ಷಕ್ಕೆ ಕನ್ಸರ್ವೇಟಿವ್ ಎಂಬ ಹೆಸರು ನೆಲೆಯೂರಿದ್ದು 1830ರ ನಂತರ, ರಾಬರ್ಟ್ ಪೀಲನ ಕಾಲದಲ್ಲಿ. 1829ರಲ್ಲಿ ಲಂಡನ್ ನಗರದ ಪೋಲೀಸು ದಳವನ್ನು ಕಟ್ಟಿದವನು ಇವನೇ. ಹೆಚ್ಚು ಜನರಿಗೆ ಮತದ ಹಕ್ಕು ಕೊಟ್ಟ 1832ರ ಕಾಯಿದೆಯನ್ನು ಪೀಲ್ ಬಲವಾಗಿ ವಿರೋಧಿಸಿದ್ದನು. 1834ರಲ್ಲಿ ತನ್ನ ಟಾಮ್‌ವರ್ತ್ ಕ್ಷೇತ್ರದ ಮತದಾರರಿಗೆ ಪತ್ರ ಬರೆದು, ಅದು ಈಗ ತೀರಿದ ವಿಷಯ, ಅದನ್ನು ನಾನು ಕೆದಕುವುದಿಲ್ಲ ಎಂದನು. ಮಸೂದೆಯನ್ನು ಕೊನೆಯ ತನಕ ವಿರೋಧಿಸು, ಕಾಯಿದೆಯಾದ ಮೇಲೆ ತಲೆಬಾಗು: ಪಕ್ಷದ ಒಳ್ಳೆಯ ಅಭ್ಯಾಸವೆಂದರೆ ಇದು.

ಕೂಲಿಕಾರರಿಗೆ ಮುಖ್ಯವಾದ ಅಧ್ಯಾಯ 1875ರದು. ಅಲ್ಲಿಯವರೆಗೆ ಇಂಗ್ಲೆಂಡಿನಲ್ಲಿ ‘ಒಡೆಯ ಮತ್ತು ಆಳು’ ಎಂಬ ಕಾನೂನಿತ್ತು. ಒಪ್ಪಿದ ಕೆಲಸವನ್ನು ಮಾಲೀಕ ಕೊಡದೆ ಹೋದರೆ, ಕೂಲಿ ಬಾಕಿ ಉಳಿಸಿಕೊಂಡರೆ, ಅದು ಹಣದ ವ್ಯವಹಾರ. ದಾವಾ ಹೂಡಿ ಪಡೆಯಬೇಕು. ಅದೇ ಒಪ್ಪಂದವನ್ನು ಆಳು ಮುರಿದು ಕೆಲಸ ಬಿಟ್ಟರೆ ಅದು ಅಪರಾಧ, ಅವನಿಗೆ ಜೈಲು. ವರ್ಷಕ್ಕೆ ಸಾವಿರಾರು ಆಳುಗಳ ಮೇಲೆ ಮೊಕದ್ದಮೆಗಳಾಗುತ್ತಿದ್ದವು. ಕಾನೂನು ಎಲ್ಲರಿಗೂ ಸಮವೆಂದು ಹೇಳುವ ದೇಶದಲ್ಲಿ ಒಂದೇ ತಕ್ಕಡಿಗೆ ಎರಡು ಬಗೆಯ ಬಟ್ಟುಗಳಿದ್ದವು. 1875ರಲ್ಲಿ ಡಿಸ್ರೇಲಿಯ ಕನ್ಸರ್ವೇಟಿವ್ ಸರ್ಕಾರ, ಗೃಹಮಂತ್ರಿ ರಿಚರ್ಡ್ ಕ್ರಾಸನ ಕೈಯಿಂದ, ಎರಡು ಕಾಯಿದೆಗಳನ್ನು ತಂದಿತು. ಒಂದರಿಂದ ಕೆಲಸದ ಒಪ್ಪಂದ ಮುರಿಯುವುದು ಎರಡು ಕಡೆಗೂ ಬರಿಯ ಸಿವಿಲ್ ವಿಷಯವಾಯಿತು. ಕಾಯಿದೆಯ ಹೆಸರಿನಲ್ಲಿಯೇ ‘ಒಡೆಯ ಮತ್ತು ಆಳು’ ಹೋಗಿ ‘ಮಾಲೀಕರು ಮತ್ತು ಕೆಲಸಗಾರರು’ ಎಂದಾಯಿತು. ಇನ್ನೊಂದರಿಂದ, ಒಬ್ಬ ಮಾಡಿದರೆ ಅಪರಾಧವಲ್ಲದ ಕೆಲಸ ಮುಷ್ಕರದಲ್ಲಿ ಹಲವರು ಸೇರಿ ಮಾಡಿದರೆ ಒಳಸಂಚೆನಿಸುವುದು ತಪ್ಪಿತು. ಇದು ಬರಿಯ ದಯೆಯಲ್ಲ. 1867ರಲ್ಲಿ ಡಿಸ್ರೇಲಿಯೇ ಪಟ್ಟಣದ ಕೆಲಸಗಾರರಲ್ಲಿ ಬಹು ಮಂದಿಗೆ ಮತ ಕೊಡಿಸಿದ್ದನು. ಆ ಮತ ಅವನಿಗೆ ಬೇಕಾಗಿತ್ತು. ಆದರೂ ಕಾನೂನನ್ನು ಸಮಮಾಡಿದ್ದು ಮಾಡಿದ್ದೇ.

ಅದೇ ಸಾಮ್ರಾಜ್ಯದ ಈ ತುದಿಯಲ್ಲಿ ಏನಾಯಿತೆಂಬುದನ್ನೂ ಹೇಳಬೇಕು. ಮುಂಗಡ ಪಡೆದು ಕೆಲಸ ಬಿಟ್ಟವನಿಗೆ ಜೈಲು ವಿಧಿಸುವ 1859ರ ಕಾಯಿದೆ ಭಾರತದಲ್ಲಿತ್ತು. ಕಲ್ಕತ್ತಾ, ಮದ್ರಾಸು, ಮುಂಬಯಿ ನಗರಗಳಿಗಾಗಿ ಹುಟ್ಟಿ, ಆಮೇಲೆ ತೋಟಗಳಿಗೂ ಹಬ್ಬಿತು. ಲಂಡನ್ನಿನಲ್ಲಿ 1875ರಲ್ಲಿ ಹೋದದ್ದು ಇಲ್ಲಿ ರದ್ದಾಗಲು 1925ನೆಯ ಇಸವಿ ಬರಬೇಕಾಯಿತು. ಸಮುದ್ರ ದಾಟಿದರೆ ಧರ್ಮ ಬದಲಾಗದೆಂದು ಬರ್ಕ್ ಹೇಳಿದ್ದು ಪುಸ್ತಕದಲ್ಲಿತ್ತು.

‘ಕಾನೂನಿನ ಆಳ್ವಿಕೆ’ ಎಂಬ ಮಾತನ್ನು ಎಲ್ಲರ ಬಾಯಿಗೆ ತಂದದ್ದು ಎ. ವಿ. ಡೈಸಿ 1885ರಲ್ಲಿ ಪ್ರಕಟಿಸಿದ ಪುಸ್ತಕ. ಪ್ರಧಾನಿಯಿಂದ ಪೋಲೀಸು ಪೇದೆಯವರೆಗೆ ಎಲ್ಲರೂ ಒಂದೇ ಕಾನೂನಿಗೆ, ಒಂದೇ ಸಾಮಾನ್ಯ ಕೋರ್ಟಿಗೆ ಉತ್ತರವಾದಿಗಳು ಎಂಬುದು ಅದರ ಮುಖ್ಯ ಮಾತು. ನಮ್ಮ ಸಂವಿಧಾನದ 14ನೆಯ ಅನುಚ್ಛೇದವನ್ನು ವಿವರಿಸುವಾಗ ನಮ್ಮ ವಕೀಲರು ಈಗಲೂ ಡೈಸಿಯ ಹೆಸರೆತ್ತುತ್ತಾರೆ. ಆದರೆ ಅದೇ ಪುಸ್ತಕದಲ್ಲಿ ಇನ್ನೊಂದು ಕಂಬವೂ ಇದೆ: ಪಾರ್ಲಿಮೆಂಟು ಯಾವ ಕಾಯಿದೆಯನ್ನು ಬೇಕಾದರೂ ಮಾಡಬಹುದು. ಎರಡು ಕಂಬಗಳು ಒಂದಕ್ಕೊಂದು ತಾಗಿದರೆ ಏನು ಗತಿ? ಡೈಸಿಗೆ ಆಗ ಅದು ದೂರದ ಚಿಂತೆಯಾಗಿತ್ತು.

1912ರಲ್ಲಿ ಅದು ಹತ್ತಿರಕ್ಕೆ ಬಂತು. ಐರ್ಲೆಂಡಿಗೆ ಸ್ವರಾಜ್ಯ ಕೊಡುವ ಮಸೂದೆಯನ್ನು ಲಿಬರಲ್ ಸರ್ಕಾರ ತಂದಿತು. ಪ್ರಭುಗಳ ಸಭೆಯ ತಡೆಯುವ ಅಧಿಕಾರ 1911ರಲ್ಲಿಯೇ ಹೋಗಿದ್ದರಿಂದ ಅದು ಕಾಯಿದೆಯಾಗುವುದು ಖಂಡಿತವಾಗಿತ್ತು. ಉತ್ತರದ ಆಲ್‌ಸ್ಟರ್ ಪ್ರಾಂತದ ಪ್ರಾಟೆಸ್ಟಂಟರು ಇದಕ್ಕೆ ಸುತರಾಂ ಒಪ್ಪಲಿಲ್ಲ. ಆಗ ಕನ್ಸರ್ವೇಟಿವ್ ಪಕ್ಷದ ನಾಯಕರು ಬೋನಾರ್ ಲಾ. ಹೆಸರಿನಲ್ಲಿಯೇ ‘ಲಾ’ ಇಟ್ಟುಕೊಂಡ ಈ ಮಹನೀಯರು 1912ರ ಜುಲೈಯಲ್ಲಿ ಬ್ಲೆನ್‌ಹೈಮ್ ಅರಮನೆಯ ಮುಂದಿನ ಸಭೆಯಲ್ಲಿ, ಆಲ್‌ಸ್ಟರಿನವರು ಪ್ರತಿಭಟನೆಯಲ್ಲಿ ಎಷ್ಟು ದೂರ ಹೋದರೂ ತಮ್ಮ ಬೆಂಬಲವಿದೆಯೆಂಬ ಅರ್ಥದಲ್ಲಿ ಮಾತನಾಡಿದರು. ಪ್ರತಿಭಟನೆಯ ಮುಂದಾಳು ಎಡ್ವರ್ಡ್ ಕಾರ್ಸನ್, ದೇಶದ ಹೆಸರಾಂತ ಬ್ಯಾರಿಸ್ಟರ್. 1913ರಲ್ಲಿ ಸ್ವಯಂಸೇವಕರ ಸೈನ್ಯ ಕಟ್ಟಿದರು. 1914ರ ಏಪ್ರಿಲಿನಲ್ಲಿ ಸುಮಾರು 25,000 ಬಂದೂಕುಗಳನ್ನು ಕಳ್ಳತನದಿಂದ ಲಾರ್ನ್ ಮುಂತಾದ ಕಡೆ ಇಳಿಸಿಕೊಂಡರು. ಯಾರ ಮೇಲೂ ಮೊಕದ್ದಮೆಯಾಗಲಿಲ್ಲ. ಮರುವರ್ಷ, ಯುದ್ಧಕಾಲದ ಸಂಯುಕ್ತ ಸರ್ಕಾರದಲ್ಲಿ, ಅದೇ ಕಾರ್ಸನ್ನರು ಇಂಗ್ಲೆಂಡಿನ ಅಟಾರ್ನಿ ಜನರಲ್ ಆದರು. ಪೀಲನು ಹಾಕಿಕೊಟ್ಟ ಅಭ್ಯಾಸವನ್ನು ಪಕ್ಷ ಪೂರಾ ಮರೆತ ಕಾಲ ಅದು. ರೊಟ್ಟಿ ಕದ್ದವನಿಗೆ ಅನ್ವಯಿಸುವ ಕಾನೂನು ಬಂದೂಕು ತಂದವನಿಗೆ ಅನ್ವಯಿಸದೆ ಹೋದದ್ದನ್ನು ಐರ್ಲೆಂಡಿನ ಇನ್ನೊಂದು ಪಕ್ಷದವರೂ ನೋಡಿ ಕಲಿತುಕೊಂಡರು. ಅದರ ಫಲವನ್ನು ಆ ದ್ವೀಪ ಬಹುಕಾಲ ಉಂಡಿತು.

ಕಾರ್ಸನ್ನರ ಹೆಸರು ನಮ್ಮ ಚರಿತ್ರೆಯಲ್ಲಿಯೂ ಬರುತ್ತದೆ. 1919ರ ಏಪ್ರಿಲ್ 13ರಂದು ಅಮೃತಸರದ ಜಲಿಯನ್‌ವಾಲಾ ಬಾಗಿನಲ್ಲಿ ಸರ್ಕಾರಿ ಲೆಕ್ಕದಂತೆಯೇ 379 ಮಂದಿಯನ್ನು ಕೊಲ್ಲಿಸಿದ ಜನರಲ್ ಡೈಯರನನ್ನು ಕೆಲಸದಿಂದ ಇಳಿಸಿದಾಗ, 1920ರ ಜುಲೈಯಲ್ಲಿ ಪಾರ್ಲಿಮೆಂಟಿನಲ್ಲಿ ದೊಡ್ಡ ಚರ್ಚೆಯಾಯಿತು. ಕಾರ್ಸನ್ನರು ಡೈಯರನ ಪರ ನಿಂತರು. ಸರಿಯಾದ ವಿಚಾರಣೆಯಿಲ್ಲದೆ ಒಬ್ಬ ಅಧಿಕಾರಿಯನ್ನು ಶಿಕ್ಷಿಸುವುದು ಅನ್ಯಾಯವೆಂಬುದು ಅವರ ವಾದ. ವಾದವೇನೋ ಕಾನೂನಿನ ಆಳ್ವಿಕೆಯದೇ. ಗೋಡೆಗಳ ನಡುವೆ ಸಿಕ್ಕಿ ಸತ್ತವರಿಗೆ ಯಾವ ವಿಚಾರಣೆ ಆಗಿತ್ತು ಎಂದು ಮಾತ್ರ ಅವರು ಕೇಳಿಕೊಳ್ಳಲಿಲ್ಲ. ಕೆಳಮನೆಯಲ್ಲಿ ಸರ್ಕಾರದ ಪರವಾಗಿ ಉತ್ತರ ಕೊಟ್ಟು, ಆ ಗೋಲೀಬಾರನ್ನು ಘೋರಕೃತ್ಯವೆಂದು ಕರೆದವರು ಚರ್ಚಿಲ್. ಪ್ರಭುಗಳ ಸಭೆಯಲ್ಲಿ ಮಾತ್ರ ಡೈಯರನಿಗೆ ಅನ್ಯಾಯವಾಯಿತೆಂಬ ನಿರ್ಣಯ 129ಕ್ಕೆ 86 ಮತಗಳಿಂದ ಗೆದ್ದಿತು. ಅದನ್ನು ಮಂಡಿಸಿದವರು ಹಿಂದೆ ನ್ಯಾಯಾಂಗದ ಅತ್ಯುನ್ನತ ಪದವಿಯಾದ ಲಾರ್ಡ್ ಛಾನ್ಸಲರ್ ಆಗಿದ್ದ ಫಿನ್ಲೆ. ಶಾಂತಿ ಸುವ್ಯವಸ್ಥೆಯ ಹೆಸರಿನಲ್ಲಿ ಕಾನೂನಿನ ಆಳ್ವಿಕೆಯನ್ನು ಹೂತುಹಾಕುವುದೆಂದರೇನು ಎಂದು ಕೇಳುವವರಿಗೆ ಇದಕ್ಕಿಂತ ಬೇರೆ ಉದಾಹರಣೆ ಬೇಡ.

ನಂತರದ ಐವತ್ತು ವರ್ಷಗಳನ್ನು ಬೇಗ ದಾಟಬಹುದು. 1971ರಲ್ಲಿ ಹೀತ್ ಸರ್ಕಾರ ಕೆಲಸಗಾರರ ಸಂಘಗಳನ್ನು ಒಂದು ವಿಶೇಷ ಕೋರ್ಟಿನ ಅಧೀನಕ್ಕೆ ತರುವ ಕಾಯಿದೆ ಮಾಡಿತು. 1972ರ ಜುಲೈಯಲ್ಲಿ ಆ ಕೋರ್ಟಿನ ಆಜ್ಞೆ ಮೀರಿದ ಐವರು ಬಂದರು ಕೂಲಿಗಾರರನ್ನು ಲಂಡನ್ನಿನ ಪೆಂಟನ್‌ವಿಲ್ ಜೈಲಿಗೆ ಹಾಕಿದರು. ಬಂದರುಗಳು ನಿಂತವು, ಪತ್ರಿಕೆಗಳ ಅಚ್ಚುಮನೆಗಳು ನಿಂತವು. ವಾರದೊಳಗೆ ಐವರೂ ಹೊರಗೆ ಬಂದರು. 1974ರಲ್ಲಿ ಆ ಕಾಯಿದೆಯೇ ರದ್ದಾಯಿತು. ಥ್ಯಾಚರ್ ಇದರಿಂದ ಪಾಠ ಕಲಿತರು. 1980ರ ನಂತರದ ಅವರ ಕಾಯಿದೆಗಳು ಕೆಲಸಗಾರನನ್ನು ಜೈಲಿಗೆ ಕಳಿಸುವುದಕ್ಕಿಂತ ಸಂಘದ ತಿಜೋರಿಗೆ ಕೈಹಾಕುವ ಬಗೆಯವು. ಜೈಲಿಗೆ ಹೋದವನು ವೀರನಾಗುತ್ತಾನೆ. ಹಣ ಜಪ್ತಿಯಾದ ಸಂಘಕ್ಕೆ ಯಾರೂ ಹಾರ ಹಾಕುವುದಿಲ್ಲ.

ಈ ಕಾಲದ ಇನ್ನೊಂದು ಸಂಗತಿ ಸ್ವಾರಸ್ಯವಾದದ್ದು. ಕನ್ಸರ್ವೇಟಿವ್ ಪಕ್ಷದ ದೊಡ್ಡ ವಕೀಲರಾದ ಲಾರ್ಡ್ ಹೇಲ್‌ಶಾಮ್ 1976ರ ಒಂದು ಉಪನ್ಯಾಸದಲ್ಲಿ, ಬಹುಮತವಿರುವ ಮಂತ್ರಿಮಂಡಲಕ್ಕೆ ಅಡ್ಡಿಯೇ ಇಲ್ಲದ ಈ ಪದ್ಧತಿ ‘ಚುನಾಯಿತ ಸರ್ವಾಧಿಕಾರ’ವಾಗಿದೆ ಎಂದು ಎಚ್ಚರಿಸಿದರು. ಆಗ ಅಧಿಕಾರದಲ್ಲಿದ್ದದ್ದು ಲೇಬರ್ ಪಕ್ಷ. 1979ರಲ್ಲಿ ಅವರ ಪಕ್ಷ ಗೆದ್ದಿತು. ಅವರು 1987ರವರೆಗೆ ಲಾರ್ಡ್ ಛಾನ್ಸಲರ್ ಆಗಿದ್ದರು. ಪದ್ಧತಿ ಇದ್ದಂತೆಯೇ ಇತ್ತು.

ಯೂರೋಪಿನ ಒಕ್ಕೂಟವನ್ನು ಬಿಡುವ ಗಲಾಟೆಯಲ್ಲಿ ಹಳೆಯ ಪ್ರಶ್ನೆ ಮತ್ತೆ ಎದ್ದಿತು. 2019ರಲ್ಲಿ ಪ್ರಧಾನಿ ಬೋರಿಸ್ ಜಾನ್ಸನ್ನರು ಐದು ವಾರ ಪಾರ್ಲಿಮೆಂಟನ್ನು ಮುಚ್ಚುವಂತೆ ರಾಣಿಗೆ ಸಲಹೆ ಕೊಟ್ಟರು. ಸೆಪ್ಟೆಂಬರ್ 24ರಂದು ಸುಪ್ರೀಂ ಕೋರ್ಟಿನ 11 ನ್ಯಾಯಾಧೀಶರೂ ಒಮ್ಮತದಿಂದ ಅದು ಅಕ್ರಮವೆಂದು ತೀರ್ಪು ಕೊಟ್ಟರು. ಆ ತೀರ್ಪಿನಲ್ಲಿ ಉದಾಹರಿಸಿದ್ದು ಕೋಕನ 1611ರ ಅಭಿಪ್ರಾಯವನ್ನು. ಸರ್ಕಾರದ ವಿರುದ್ಧ ಕೋರ್ಟಿನ ಮುಂದೆ ಬಂದವರಲ್ಲಿ ಹಿಂದಿನ ಕನ್ಸರ್ವೇಟಿವ್ ಪ್ರಧಾನಿ ಜಾನ್ ಮೇಜರ್ ಕೂಡ ಒಬ್ಬರು. ಪಾರ್ಲಿಮೆಂಟು ಮರುದಿನವೇ ಸೇರಿತು. ಜಾನ್ಸನ್ನರು ತೀರ್ಪನ್ನು ಒಪ್ಪುವುದಿಲ್ಲವೆಂದರು, ಆದರೆ ಪಾಲಿಸಿದರು. ಈ ‘ಆದರೆ’ಯ ಬೆಲೆಯನ್ನು ಕಡಿಮೆಯೆಂದು ತಿಳಿಯಬಾರದು.

ಮರುವರ್ಷ ಒಬ್ಬ ಮಂತ್ರಿ, ನಮ್ಮ ಮಸೂದೆ ಅಂತರರಾಷ್ಟ್ರೀಯ ಕಾನೂನನ್ನು ಒಂದು ಸೀಮಿತ ರೀತಿಯಲ್ಲಿ ಮುರಿಯುವುದು ನಿಜ ಎಂದು ಸಭೆಯಲ್ಲಿಯೇ ಒಪ್ಪಿಕೊಂಡರು. ಸರ್ಕಾರದ ಕಾನೂನು ಇಲಾಖೆಯ ಮುಖ್ಯಸ್ಥರು ರಾಜೀನಾಮೆ ಕೊಟ್ಟರು. ಕನ್ಸರ್ವೇಟಿವ್ ಹಿರಿಯರೇ ತಿರುಗಿ ಬಿದ್ದರು; ವರ್ಷದ ಕೊನೆಯೊಳಗೆ ಆ ಕಲಮುಗಳನ್ನು ಕೈಬಿಡಬೇಕಾಯಿತು. 2022ರ ಏಪ್ರಿಲಿನಲ್ಲಿ, ಸಾಂಕ್ರಾಮಿಕದ ಕಾಲಕ್ಕೆ ತಮ್ಮ ಸರ್ಕಾರವೇ ಮಾಡಿದ ನಿಯಮ ಮೀರಿದ್ದಕ್ಕೆ ಪ್ರಧಾನಿ ಜಾನ್ಸನ್ನರಿಗೆ ಪೋಲೀಸರು ದಂಡ ಹಾಕಿದರು. ಹಾಕಿದ್ದು ಪೀಲನು 1829ರಲ್ಲಿ ಕಟ್ಟಿದ ಅದೇ ದಳ.

ಕೊನೆಯದಾಗಿ ರುವಾಂಡದ ವಿಷಯ. ಅನುಮತಿಯಿಲ್ಲದೆ ದೋಣಿಗಳಲ್ಲಿ ಬಂದು ಆಶ್ರಯ ಕೇಳುವವರನ್ನು ಆಫ್ರಿಕಾದ ಆ ದೇಶಕ್ಕೆ ಕಳಿಸುವುದು ಸರ್ಕಾರದ ಯೋಜನೆ. ಅಲ್ಲಿಂದ ಅವರನ್ನು ಅಪಾಯದ ಜಾಗಕ್ಕೆ ಹಿಂತಿರುಗಿಸುವ ಸಂಭವವಿದೆಯೆಂದು 2023ರ ನವೆಂಬರಿನಲ್ಲಿ ಸುಪ್ರೀಂ ಕೋರ್ಟು ಅದನ್ನು ಅಕ್ರಮವೆಂದಿತು. ಆಗ ಸುನಾಕರ ಸರ್ಕಾರ, ರುವಾಂಡ ಸುರಕ್ಷಿತ ದೇಶವೆಂದು ಕೋರ್ಟುಗಳು ತಿಳಿಯತಕ್ಕದ್ದು ಎಂದು 2024ರಲ್ಲಿ ಕಾಯಿದೆಯನ್ನೇ ಮಾಡಿತು. ಡೈಸಿಯ ಎರಡು ಕಂಬಗಳು ತಾಗಿದ್ದು ಇಲ್ಲಿ. ಸಾಕ್ಷ್ಯ ನೋಡಿ ಕೋರ್ಟು ಕಂಡುಕೊಂಡ ಸಂಗತಿಯನ್ನು ಮತ ಹಾಕಿ ಬದಲಾಯಿಸಬಹುದೇ? ಇದಕ್ಕೆ ಉತ್ತರ ಸಿಗುವ ಮೊದಲೇ ಜುಲೈ ಚುನಾವಣೆಯಲ್ಲಿ ಪಕ್ಷ ಸೋತಿತು. ಹೊಸ ಲೇಬರ್ ಸರ್ಕಾರ ಯೋಜನೆಯನ್ನು ಕೈಬಿಟ್ಟಿತು.

ವಾದ ಈಗ ಯೂರೋಪಿನ ಮಾನವ ಹಕ್ಕುಗಳ ಒಪ್ಪಂದದ ಮೇಲೆ ನಿಂತಿದೆ. ಅಧಿಕಾರಕ್ಕೆ ಬಂದರೆ ಬ್ರಿಟನ್ನನ್ನು ಅದರಿಂದ ಹೊರತರುವುದಾಗಿ ಪಕ್ಷದ ನಾಯಕಿ ಕೆಮಿ ಬೇಡ್‌ನಾಕ್ 2025ರ ಅಕ್ಟೋಬರಿನಲ್ಲಿ ಘೋಷಿಸಿದರು. ಪರದೇಶದ ನ್ಯಾಯಾಧೀಶರು ನಮ್ಮ ಪಾರ್ಲಿಮೆಂಟಿನ ಕೈ ಕಟ್ಟುತ್ತಾರೆಂಬುದು ಪಕ್ಷದಲ್ಲಿ ಬಹುಕಾಲದಿಂದ ಇರುವ ದೂರು. 1950ರಲ್ಲಿ ರೋಮಿನಲ್ಲಿ ಸಹಿಯಾದ ಆ ಒಪ್ಪಂದಕ್ಕೆ ಒತ್ತಾಸೆಯಾಗಿ ನಿಂತವರು ಚರ್ಚಿಲ್. ಅದರ ಕರಡಿನಲ್ಲಿ ಮುಖ್ಯ ಕೆಲಸ ಮಾಡಿದವರು ಡೇವಿಡ್ ಮ್ಯಾಕ್ಸ್‌ವೆಲ್ ಫೈಫ್, ನ್ಯೂರೆಂಬರ್ಗಿನಲ್ಲಿ ನಾಜಿ ನಾಯಕರನ್ನು ಪಾಟೀಸವಾಲು ಮಾಡಿದ ವಕೀಲರು. 1951ರಲ್ಲಿ ಅವರು ಕನ್ಸರ್ವೇಟಿವ್ ಸರ್ಕಾರದ ಗೃಹಮಂತ್ರಿಯಾದರು.